ಗೋಡೆ ಮನೆಯದು, ಒಲೆ ಒಕ್ಕಲಿನದು

ಪ್ರಶ್ನೆ: ನನ್ನ ಮಗಳು, ಅಳಿಯ ಆಫ್ರಿಕಾದ ಬೋಟ್ಸ್ವಾನದಲ್ಲಿ, ಗ್ಯಾಬೊರೋನ್ ನಗರದಲ್ಲಿದ್ದಾರೆ. ಅಲ್ಲಿಯ ಸೆಟ್ಸ್ವಾನ ಭಾಷೆಯಲ್ಲಿ ಕಟ್ಟಡಕ್ಕೆ ಒಂದು ಪದ, ಸಂಸಾರಕ್ಕೆ ಇನ್ನೊಂದು, ತನ್ನೂರಿನ ನೆಲೆಗೆ ಮತ್ತೊಂದು ಇದೆಯಂತೆ. “ನಮ್ಮಲ್ಲಿ ಎಲ್ಲದಕ್ಕೂ ಮನೆ ಅಂತ ಒಂದೇ ಅಲ್ವಾ ಅಪ್ಪ?” ಎಂದು ಫೋನಿನಲ್ಲಿ ಕೇಳಿದಳು. ಏನು ಹೇಳಲಿ ತಿಳಿಯಲಿಲ್ಲ. 2025ರಲ್ಲಿ ಸರ್ಕಾರದ ಮನೆಮನೆ ಸಮೀಕ್ಷೆಗೆ ಬಂದವರು “ಈ ಮನೆಯಲ್ಲಿ ಎಷ್ಟು ಕುಟುಂಬ?” ಎಂದಾಗಲೂ ಹೀಗೇ ತಡವರಿಸಿದ್ದೆ. ಕೆಳಗೆ ನಾವಿಬ್ಬರು. ಮಹಡಿಯಲ್ಲಿ ಮಗ, ಸೊಸೆ, ಅವರ ಅಡುಗೆ ಬೇರೆ. ಹಿರಿಯರ ಮನೆ ಶಿಕಾರಿಪುರದ ಕಡೆಯ ಹಳ್ಳಿಯಲ್ಲಿದೆ, ಅಲ್ಲಿ ಅಣ್ಣ ಇದ್ದಾನೆ. ಹಾಗಾದರೆ ‘ನಮ್ಮ ಮನೆ’ ಎಂದರೆ ಯಾವುದು?
– ಓದುಗರು, ಸವಳಂಗ ರಸ್ತೆ, ಶಿವಮೊಗ್ಗ

ಉತ್ತರ: ಮೊದಲು ಮಗಳಿಗೆ ಇಷ್ಟು ಹೇಳಿ: ನಮ್ಮಲ್ಲೂ ಪದ ಒಂದೇ ಅಲ್ಲ. ‘ಮನೆ’ಯ ಪಕ್ಕದಲ್ಲಿ ‘ಒಕ್ಕಲು’ ಇದೆ, ‘ಊರು’ ಇದೆ. ಮೂರೂ ಸೇರಿದರೇ ನೀವು ಕೇಳಿದ ‘ನಮ್ಮ ಮನೆ’ ತುಂಬುವುದು. ಪೇಟೆಗೆ ಬಂದ ಮೇಲೆ ಒಕ್ಕಲು ಎಂಬ ಮಾತು ನಮ್ಮ ಬಾಯಿಂದ ಜಾರಿತು. ಅದು ಹೊರುತ್ತಿದ್ದ ಅರ್ಥವನ್ನೆಲ್ಲ ಮನೆಯ ತಲೆಗೇ ಹೊರಿಸಿದೆವು. ಸಮೀಕ್ಷೆಯವರ ಮುಂದೆ ನೀವು ತಡವರಿಸಿದ್ದಕ್ಕೆ ಕಾರಣ ಇದೇ.

ಮಗಳು ಕೇಳಿಸಿಕೊಂಡ ಪದಗಳಿಂದಲೇ ಶುರು ಮಾಡೋಣ. ಸೆಟ್ಸ್ವಾನದಲ್ಲಿ ಗೋಡೆ, ಮಾಡು ಇರುವ ಕಟ್ಟಡ ‘ನ್‌ಟ್ಲೋ’. ಹಳೆಯ ರೂಢಿಯಲ್ಲಿ ಅದು ದುಂಡನೆಯ ಮಣ್ಣುಗೋಡೆಯ, ಹುಲ್ಲು ಹೊದಿಸಿದ ಗುಡಿಸಲು. ಒಂದೇ ಸಂಸಾರಕ್ಕೆ ಇಂಥವು ಎರಡು ಮೂರು ಇರುತ್ತಿದ್ದವು. ಅವುಗಳ ಮುಂದೆ ಮೋಟುಗೋಡೆ ಬಳಸಿದ ಅಂಗಳಕ್ಕೆ ‘ಲೆಲ್ವಾಪ’ ಎನ್ನುತ್ತಾರೆ. ಒಲೆ ಹೂಡುವುದು, ಉಣ್ಣುವುದು, ಬಂದವರನ್ನು ಕೂರಿಸುವುದು, ಮಾತಾಡಿ ಮುಗಿಸಬೇಕಾದ್ದನ್ನು ಮುಗಿಸುವುದು ಎಲ್ಲ ಆ ಅಂಗಳದಲ್ಲೇ. ಹೀಗಾಗಿ ಅಂಗಳದ ಹೆಸರೇ ಅಲ್ಲಿ ಬಾಳುವ ಸಂಸಾರದ ಹೆಸರೂ ಆಯಿತು. ಮೂರನೆಯ ಪದ ‘ಗಾಯೆ’. ಅದರ ಮೊದಲ ಅಕ್ಷರವನ್ನು ಅವರು ಗಂಟಲಿನಿಂದ, ಹಕಾರದ ಸಮೀಪ ನುಡಿಯುತ್ತಾರೆ. ಗ್ಯಾಬೊರೋನ್ ಅವರ ಬಾಯಲ್ಲಿ ‘ಹಬೊರೊನೆ’ಯ ಹಾಗೆ ಕೇಳುವುದೂ ಅದಕ್ಕೇ. ಗಾಯೆ ಎಂದರೆ ತನ್ನವರಿರುವ ನೆಲೆ, ತನ್ನ ಊರು. ರಾಜಧಾನಿಯಲ್ಲಿ ಕೆಲಸ ಮಾಡುವವರು ರಜೆ ಬಂದೊಡನೆ ಹೊರಡುವುದು ಗಾಯೆಗೆ.

ಇನ್ನೂ ಒಂದು ಸಂಗತಿ ಇದೆ. ಹಿಂದೆ ಸೆಟ್ಸ್ವಾನ ಆಡುವ ಟ್ಸ್ವಾನರ ಒಂದು ಸಂಸಾರದ ಬಾಳು ಮೂರು ಕಡೆ ಹಂಚಿಹೋಗಿರುತ್ತಿತ್ತು. ‘ಮೊಟ್ಸೆ’ ಎಂದರೆ ಊರು, ‘ಮಸಿಮೊ’ ಎಂದರೆ ಹೊಲಗಳು, ‘ಮೊರಾಕ’ ಎಂದರೆ ದನಗಳನ್ನು ಕೂಡುವ ದೂರದ ಹಟ್ಟಿ. ಬಿತ್ತನೆಯ ಕಾಲಕ್ಕೆ ಹೆಂಗಸರು ಮಕ್ಕಳು ಹೊಲದ ಗುಡಿಸಲಿಗೆ ಹೋಗುತ್ತಿದ್ದರು, ಹುಡುಗರು ದನದ ಹಿಂದೆ ಹಟ್ಟಿಯಲ್ಲಿ ಇರುತ್ತಿದ್ದರು. ಸೂರು ಮೂರಾದರೂ ಲೆಲ್ವಾಪ ಒಂದೇ. ಇಸಾಕ್ ಶಪೇರ ಎಂಬ ವಿದ್ವಾಂಸ 1938ರಲ್ಲಿ ಟ್ಸ್ವಾನರ ಕಟ್ಟುಕಟ್ಟಳೆಗಳ ಕೈಪಿಡಿಯೊಂದನ್ನು ಪ್ರಕಟಿಸಿದರು. ಸಂಸಾರಗಳು ಕೂಡಿ ದಾಯಾದಿಗಳ ಗುಂಪು, ಗುಂಪುಗಳು ಕೂಡಿ ಕೇರಿ, ಕೇರಿಗಳು ಕೂಡಿ ಊರು ಆಗುವ ಬಗೆಯನ್ನು ಅದರಲ್ಲಿ ಬಿಡಿಸಿ ಬರೆದಿದ್ದಾರೆ. ಕೇರಿಗೊಂದು ‘ಖೋಟ್ಲ’, ಅಂದರೆ ಹಿರಿಯರು ಕೂತು ನ್ಯಾಯ ಹೇಳುವ ಬಯಲು. ಈ ಇಡೀ ಏರ್ಪಾಟಿಗೆ ಬುಡ ಆ ಅಂಗಳ.

ಈಗ ನಮ್ಮ ‘ಮನೆ’ಗೆ ಬನ್ನಿ. ತಮಿಳಿನಲ್ಲಿ ‘ಮನೈ’ ಇದೆ. ಅದರ ಪಕ್ಕದಲ್ಲೇ ‘ಮನ್ನು’ ಇದೆ, ನೆಲೆನಿಲ್ಲು ಎಂದು ಅದರ ಅರ್ಥ. ತೆಲುಗಿನ ‘ಮನು’ ಎಂದರೆ ಬದುಕು, ಬಾಳು. ದ್ರಾವಿಡ ಭಾಷೆಗಳ ನಿಘಂಟುಕಾರರು ಇವನ್ನೆಲ್ಲ ಒಂದೇ ಬೇರಿಗೆ ಕಟ್ಟುತ್ತಾರೆ. ಎಂದಮೇಲೆ ಮನೆ ಎಂದರೆ ಹುಟ್ಟಿನಿಂದಲೇ ಕಲ್ಲುಗಾರೆಯ ಹೆಸರಲ್ಲ. ನಿಲ್ಲುವುದರ, ಬಾಳುವುದರ ಹೆಸರು. ಆಡುಮಾತನ್ನು ಗಮನಿಸಿದರೆ ಇದು ಗೊತ್ತಾಗುತ್ತದೆ. ಅಡುಗೆಮನೆ, ಬಚ್ಚಲುಮನೆ, ದೇವರಮನೆ ಎನ್ನುವಾಗ ಮನೆ ಒಂದು ಕೋಣೆ ಮಾತ್ರ. ಚೌಕಾಬಾರದಲ್ಲಿ ಕಾಯಿ ಕೂರುವ ಚೌಕವೂ ಮನೆ, ಜಾತಕದಲ್ಲಿ ಗ್ರಹ ನಿಲ್ಲುವ ತಾಣವೂ ಮನೆ. ಮದುವೆಮನೆ, ಸಾವಿನ ಮನೆ ಎಂದಾಗ ನಾಲ್ಕು ದಿನದ ಮಟ್ಟಿಗೆ ಒಂದು ಸಂಭ್ರಮವೋ ಸಂಕಟವೋ ಅಲ್ಲಿ ನೆಲೆನಿಂತಿದೆ ಎಂದೇ ಅರ್ಥ. ಹೆಂಡತಿ “ನಮ್ಮನೆಯವರು” ಎಂದರೆ ಅದು ಗಂಡ, ಗಂಡ ಅಂದರೆ ಹೆಂಡತಿ. “ಅವರ ಮನೆ ಒಡೆಯಿತು” ಎಂದು ಕೇಳಿದವರು ಬಿರುಕುಬಿಟ್ಟ ಗೋಡೆಯನ್ನು ನೋಡಲು ಓಡುವುದಿಲ್ಲ. ಅಣ್ಣತಮ್ಮಂದಿರು ಪಾಲಾದರು ಎಂದು ಎಲ್ಲರಿಗೂ ತಿಳಿಯುತ್ತದೆ.

ಮಲೆನಾಡಿನಲ್ಲಿ ಮನೆಯ ಅರ್ಥ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ ಊರನ್ನೇ ಒಳಗೆ ತೆಗೆದುಕೊಂಡಿತು. ಬಯಲುಸೀಮೆಯ ಹಾಗೆ ಗೋಡೆಗೆ ಗೋಡೆ ತಾಗಿಸಿ ಬೀದಿ ಕಟ್ಟಿಕೊಂಡ ಊರುಗಳು ಅಲ್ಲಿ ಕಡಿಮೆ. ಗದ್ದೆಯ ಅಂಚಿಗೊಂದು, ಗುಡ್ಡದ ತಪ್ಪಲಿಗೊಂದು ಮನೆ ಇರುತ್ತದೆ, ಆ ಮನೆಯ ಹೆಸರೇ ಊರಿನ ಹೆಸರು. ತೀರ್ಥಹಳ್ಳಿ ತಾಲ್ಲೂಕಿನ ಕುಪ್ಪಳಿ ಹಾಗೆಯೇ. ಕುವೆಂಪು ಬೆಳೆದ ಆ ದೊಡ್ಡ ಮನೆ ಈಗ ಕವಿಮನೆ ಎಂಬ ಸ್ಮಾರಕ. ಅವರು 1904ರ ಡಿಸೆಂಬರ್ 29ರಂದು ಹುಟ್ಟಿದ್ದು ಮಾತ್ರ ತಾಯಿಯ ತವರಾದ ಹಿರೇಕೊಡಿಗೆಯಲ್ಲಿ. ಹುಟ್ಟಿದ ಮನೆ ಒಂದು, ಹೆಸರಿನೊಂದಿಗೆ ಬಂದ ಮನೆ ಇನ್ನೊಂದು. ನಿಮ್ಮ ಮಗಳಿಗೆ ಇದು ತನ್ನ ಅನುಭವವೇ ಅನ್ನಿಸಬಹುದು.

ಇನ್ನು ಒಕ್ಕಲು. ನನಗೆ ಕನ್ನಡದ ಅತ್ಯಂತ ಜೀವಂತ ಪದಗಳಲ್ಲಿ ಇದೂ ಒಂದು ಅನ್ನಿಸುತ್ತದೆ. ಕುಂದಾಪುರದ ಕಡೆಯಿಂದಲೋ ಘಟ್ಟದ ಅಂಚಿನ ಹಳ್ಳಿಗಳಿಂದಲೋ ನಿಮಗೆ ಗೃಹಪ್ರವೇಶದ ಕರೆಯೋಲೆ ಬಂದಿದ್ದರೆ ನೆನಪಿಸಿಕೊಳ್ಳಿ. ಅಲ್ಲಿಯವರು “ಮನೆ ಒಕ್ಕಲಿಗೆ ಬನ್ನಿ” ಎಂದು ಕರೆಯುತ್ತಾರೆ. ಗಾರೆಯವರು, ಬಡಗಿಗಳು ಕೆಲಸ ಮುಗಿಸಿ ಹೋದಾಗ ಅಲ್ಲಿ ಉಳಿದಿರುವುದು ಕಟ್ಟಡ. ಹೊಸ ಒಲೆಗೆ ಬೆಂಕಿ ಮಾಡಿ ಹಾಲುಕ್ಕಿಸಿದ ಮೇಲೆ ಅದು ಒಕ್ಕಲು. ಲೆಲ್ವಾಪದ ನಟ್ಟನಡುವೆ ಇದ್ದ ಬೆಂಕಿಯೇ ನಮ್ಮ ಮನೆ ಒಕ್ಕಲಿನ ನಟ್ಟನಡುವೆಯೂ ಇದೆ. ತಮಿಳಿನಲ್ಲಿ ‘ಒಕ್ಕಲ್’ ಎಂದರೆ ಬಂಧುಬಳಗ. ಕನ್ನಡದಲ್ಲಿ ಅದು ನೆಲೆಸಿದವರು, ಬೇಸಾಯಗಾರರು, ಸಂಸಾರ ಎಂದು ಹರಡಿಕೊಂಡಿತು. ಶಾಸನಗಳಲ್ಲಿ ‘ಅರುವತ್ತೊಕ್ಕಲು’ ಎಂಬ ಮಾತು ಸಿಗುತ್ತದೆ. ಊರಿನ ಪರವಾಗಿ ನಿಂತ ಅರವತ್ತು ಸಂಸಾರ ಎಂದು ಅದರ ಭಾವ. ತೆರಿಗೆ ಹಾಕಿದ ಅರಸರು ‘ಮನೆವಣ’ ಎಂದು ಕಟ್ಟಡಕ್ಕೆ ಬೇರೆ, ‘ಒಕ್ಕಲುದೆರೆ’ ಎಂದು ಸಂಸಾರಕ್ಕೆ ಬೇರೆ ಹೆಸರಿಟ್ಟಿದ್ದರು. ಇವತ್ತು ನಿಮ್ಮನ್ನು ತಡವರಿಸುವಂತೆ ಮಾಡಿದ ಭೇದ ಹಳಗನ್ನಡದ ಲೆಕ್ಕಿಗರಿಗೆ ಗೊತ್ತಿತ್ತು.

ಒಕ್ಕಲಿಗೆ ಒಂದು ನೋವಿನ ಮುಖವೂ ಇದೆ. ಧಣಿಯ ಗದ್ದೆಯನ್ನು ಗೇಣಿಗೆ ಮಾಡುವವನನ್ನೂ ಒಕ್ಕಲು ಎಂದೇ ಕರೆದರು. “ನಾವು ಅವರ ಒಕ್ಕಲು” ಎಂದರೆ ಸೂರು ನಮ್ಮದಾದರೂ ಅದರ ಕೆಳಗಿನ ನೆಲ ಅವರದ್ದು ಎಂದರ್ಥ. ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ 1951ರಲ್ಲಿ ಗೇಣಿ ಅಳೆಯುವ ಕೊಳಗದ ಗಾತ್ರದ ಬಗ್ಗೆ ತಕರಾರು ಎದ್ದದ್ದು, ಗಣಪತಿಯಪ್ಪನವರು ರೈತರನ್ನು ಸಂಘಟಿಸಿದ್ದು, ಶಾಂತವೇರಿ ಗೋಪಾಲಗೌಡರು ಜೊತೆ ನಿಂತದ್ದು, ರಾಮಮನೋಹರ ಲೋಹಿಯಾ ಅಲ್ಲಿಗೆ ಬಂದು ಬಂಧನಕ್ಕೊಳಗಾದದ್ದು ನಿಮಗೆ ತಿಳಿದದ್ದೇ. ದೇವರಾಜ ಅರಸರ ಕಾಲದ ಭೂಸುಧಾರಣೆಯ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಮೇಲೆ ಸಾವಿರಾರು ಒಕ್ಕಲುಗಳು ತಾವು ಉಳುತ್ತಿದ್ದ ನೆಲದ ಒಡೆಯರಾದರು. ಆದರೂ ಭಾಷೆ ಹಳೆಯ ಭಯವನ್ನು ಮರೆತಿಲ್ಲ. ಯಾರನ್ನಾದರೂ ನೆಲೆಯಿಂದ ಹೊರಗೆ ಹಾಕುವುದಕ್ಕೆ ನಾವು ಈಗಲೂ ‘ಒಕ್ಕಲೆಬ್ಬಿಸು’ ಎನ್ನುತ್ತೇವೆ. ಕಟ್ಟಡವನ್ನು ಕೆಡವುತ್ತಾರೆ, ಸಂಸಾರವನ್ನು ಎಬ್ಬಿಸುತ್ತಾರೆ. ಎರಡು ಕ್ರಿಯಾಪದ, ಎರಡು ಬಗೆಯ ಪೆಟ್ಟು.

ನಮ್ಮ ಜಿಲ್ಲೆ ಈ ಎರಡನೆಯ ಪೆಟ್ಟನ್ನು ತಿಂದಿದೆ. ಶರಾವತಿಗೆ ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿಯಿತು. ನಾಡಿಗೆ ಬೆಳಕು ಬಂತು, ಕಣಿವೆಯ ಊರುಗಳು ನೀರಿನಡಿ ಹೋದವು. ಗದ್ದೆ, ತೋಟ, ಕಟ್ಟಡಗಳಿಗೆ ಎಷ್ಟಾದರೂ ಒಂದು ಬೆಲೆ ಕಟ್ಟಬಹುದು. ಎರಡು ಮನೆಯ ನಡುವಿನ ಕಾಲುದಾರಿ, ಬೇಲಿಯಾಚೆಯಿಂದ ಕೂಗಿದರೆ ಓಗೊಡುತ್ತಿದ್ದ ನೆರೆ, ಬನದ ಚೌಡಿ, ನಾಟಿಗೆ ಆಳಿಗೆ ಆಳು ಬರುತ್ತಿದ್ದ ಮುಯ್ಯಿ, ಇವು ಯಾವ ಪಟ್ಟಿಗೂ ಸೇರುವುದಿಲ್ಲ. ಪರಿಹಾರವನ್ನು ಮನೆಯ ಲೆಕ್ಕದಲ್ಲಿ ಕೊಡಬಹುದು, ಒಕ್ಕಲಿನ ಲೆಕ್ಕದಲ್ಲಿ ಕೊಡಲು ಆಗುವುದಿಲ್ಲ. ಜಿಲ್ಲೆಯ ಬೇರೆ ಬೇರೆ ಕಡೆ ನೆಲೆಯಾದ ಮುಳುಗಡೆಯ ಕುಟುಂಬಗಳ ಹಕ್ಕುಪತ್ರದ ಪ್ರಶ್ನೆ ಆರು ದಶಕ ಕಳೆದರೂ ಮುಗಿದಿಲ್ಲ. ಹಿನ್ನೀರಿನ ಆಚೆ ಉಳಿದವರಿಗೆ ಲಾಂಚೇ ದಾರಿಯಾಯಿತು. ಅಂಬಾರಗೋಡ್ಲು ಮತ್ತು ಕಳಸವಳ್ಳಿಯ ನಡುವಿನ ಸೇತುವೆ ತೆರೆದದ್ದು 2025ರ ಜುಲೈಯಲ್ಲಿ. ಸಾಗರದ ನಾ. ಡಿಸೋಜ ‘ಮುಳುಗಡೆ’, ‘ದ್ವೀಪ’ ಕಾದಂಬರಿಗಳನ್ನು ಬರೆದದ್ದು ಈ ನೀರಿನ ಬಗ್ಗೆಯೇ. ನಿಮ್ಮ ಮಗಳು ಓದಿರದಿದ್ದರೆ ಎರಡನ್ನೂ ಕಳಿಸಿಕೊಡಿ.

ನೆಲೆ ತನ್ನದಾಗಲು ಏನು ಬೇಕು ಎಂಬುದಕ್ಕೆ ನೀವಿರುವ ರಸ್ತೆಯಲ್ಲೇ ಇನ್ನೊಂದು ಉತ್ತರ ಇದೆ. ಸವಳಂಗದ ಹತ್ತಿರ ನ್ಯಾಮತಿ ತಾಲ್ಲೂಕಿನ ಸೂರಗೊಂಡನಕೊಪ್ಪ ಬಂಜಾರರಿಗೆ ಪುಣ್ಯಕ್ಷೇತ್ರ, ಸಂತ ಸೇವಾಲಾಲರ ಜನ್ಮಸ್ಥಳ ಎಂದು ನಂಬುವ ಊರು. ಪ್ರತಿ ಫೆಬ್ರವರಿಯಲ್ಲಿ ದೂರದೂರದ ತಾಂಡಾಗಳಿಂದ ಮಾಲೆ ಧರಿಸಿದವರು ಅಲ್ಲಿಗೆ ಬರುತ್ತಾರೆ. ಎತ್ತಿನ ಮೇಲೆ ದವಸ, ಉಪ್ಪು ಹೇರಿಕೊಂಡು ನಾಡೆಲ್ಲ ಅಲೆದ ಆ ಜನಕ್ಕೆ ತಾಂಡಾ ಎಂದರೆ ಮೊದಲು ಜೊತೆಯಾಗಿ ನಡೆಯುವ ಗುಂಪು. ಗುಂಪು ನಿಂತಲ್ಲಿ ಊರಾಯಿತು. ನಾಯಕ, ಡಾವ್, ಕಾರಭಾರಿ ಎಂಬ ಹಿರಿಯರು ಖೋಟ್ಲದ ಹಿರಿಯರ ಹಾಗೆ ನ್ಯಾಯ ನೋಡಿದರು. ಎಷ್ಟೋ ತಾಂಡಾಗಳಲ್ಲಿ ಸಂಸಾರ ಇತ್ತು, ಸೂರು ಇತ್ತು, ಸೂರಿನ ಕೆಳಗಿನ ನೆಲ ಮಾತ್ರ ಕಾಗದದಲ್ಲಿ ಅವರದ್ದಾಗಿರಲಿಲ್ಲ. ತಾಂಡಾ, ಹಟ್ಟಿ, ಹಾಡಿಗಳನ್ನು ಕಂದಾಯ ಗ್ರಾಮ ಮಾಡಿ ವಾಸಿಸುವವರಿಗೆ ಹಕ್ಕುಪತ್ರ ಕೊಡುವ ಕೆಲಸ ಶುರುವಾದದ್ದು ತೀರ ಈಚೆಗೆ. ಒಕ್ಕಲು ಮೊದಲು ಬಂದು, ಮನೆಯ ಕಾಗದ ತಲೆಮಾರುಗಳ ನಂತರ ಬಂದ ಬಗೆ ಇದು.

ಊರು ಎಂಬ ಮೂರನೆಯ ಪದದ ಬಗ್ಗೆ ನನ್ನದೇ ನೆನಪು ಹೇಳುತ್ತೇನೆ. ನಾನು ಬೆಳೆದದ್ದು ಭದ್ರಾವತಿಯ ಕ್ವಾರ್ಟರ್ಸ್‌ನಲ್ಲಿ. 1918ರಲ್ಲಿ ಮೈಸೂರು ಸರ್ಕಾರ ಕಬ್ಬಿಣದ ಕಾರ್ಖಾನೆಯ ಕೆಲಸ ಶುರುಮಾಡಿತು, 1923ರಲ್ಲಿ ಉತ್ಪಾದನೆ ಆರಂಭವಾಯಿತು, 1930ರ ದಶಕದಲ್ಲಿ ಕಾಗದದ ಕಾರ್ಖಾನೆಯೂ ಬಂತು. ಜನ ಎಲ್ಲೆಲ್ಲಿಂದಲೋ ಬಂದು ನೆಲೆಸಿದರು. ನಮ್ಮ ಸಾಲಿನಲ್ಲಿ ತಮಿಳು, ತೆಲುಗು, ಉರ್ದು, ಮಲಯಾಳ ಎಲ್ಲವೂ ಕಿವಿಗೆ ಬೀಳುತ್ತಿದ್ದವು. ಅಪ್ಪ ಮೂವತ್ತು ವರ್ಷ ಅಲ್ಲಿದ್ದರೂ ಅದನ್ನು ಒಮ್ಮೆಯೂ ಮನೆ ಅನ್ನಲಿಲ್ಲ, “ಕ್ವಾರ್ಟರ್ಸ್‌ಗೆ ಹೋಗೋಣ” ಅನ್ನುತ್ತಿದ್ದರು. ಮನೆ ಎಂದರೆ ಅವರಿಗೆ ಊರಲ್ಲಿದ್ದ, ಮಾಡು ಸೋರುವ, ಅಜ್ಜಿ ಒಬ್ಬರೇ ಇದ್ದ ಮನೆ. ಅಮ್ಮನಿಗೆ ಹಾಗಲ್ಲ. ಅವರು ಆ ಎರಡು ಕೋಣೆಯ ಮುಂದೆ ದಿನಾ ಸಾರಿಸಿ ರಂಗೋಲಿ ಇಟ್ಟರು, ಹಿತ್ತಿಲಲ್ಲಿ ಕರಿಬೇವು ನೆಟ್ಟರು, ಮೂವರು ಮಕ್ಕಳನ್ನು ಬೆಳೆಸಿದರು. ನಿವೃತ್ತಿಯಾಗಿ ಕೀಲಿ ಒಪ್ಪಿಸುವ ದಿನ ಅಪ್ಪ ಊರಿಗೆ ಹೋಗುವ ಹುರುಪಿನಲ್ಲಿದ್ದರು, ಅಮ್ಮ ಒಲೆಕಟ್ಟೆಯನ್ನು ಒರೆಸುತ್ತ ಅತ್ತರು. ಗಾಯೆ ಎಂದರೇನು ಎಂದು ಅಪ್ಪನಿಗೆ ಯಾರೂ ಬಿಡಿಸಿ ಹೇಳಬೇಕಿರಲಿಲ್ಲ, ಲೆಲ್ವಾಪ ಎಂದರೇನು ಎಂದು ಅಮ್ಮನಿಗೂ ಹೇಳಬೇಕಿರಲಿಲ್ಲ. ನಿಮ್ಮ ರಸ್ತೆಯಲ್ಲೂ ಇದೇ ಭೇದ ದಿನವೂ ಕೇಳುತ್ತದೆ. ನವಿಲೆಯ ಇಂಜಿನಿಯರಿಂಗ್ ಕಾಲೇಜು, ಕೃಷಿ ಕಾಲೇಜುಗಳಿಗೆ ಬಂದ ಮಕ್ಕಳು ತಾವಿರುವುದನ್ನು ‘ರೂಮು’ ಎನ್ನುತ್ತಾರೆ. ಶನಿವಾರ ಬ್ಯಾಗು ಹೆಗಲಿಗೇರಿಸಿ ಬಸ್ಸಿಗೆ ಕಾಯುವಾಗ ಹೇಳುವುದು “ಊರಿಗೆ” ಎಂದು.

ಅಮ್ಮನ ಆ ಸಾರಿಸುವ ಕೈಯೇ ಟ್ಸ್ವಾನ ಹೆಂಗಸರದ್ದೂ ಹೌದು. ಅವರು ಮಣ್ಣು, ಸಗಣಿ ಕಲಸಿ ಅಂಗಳ ಬಳಿದು, ಹಸಿ ಇರುವಾಗಲೇ ಬೆರಳಿನಿಂದ ಗೆರೆ ಎಳೆದು ಚಿತ್ತಾರ ಬಿಡಿಸುತ್ತಾರೆ. ಅದಕ್ಕೆ ‘ಲೆಖಾಫೊ’ ಎಂದು ಹೆಸರು. ಸಾಗರ, ಸೊರಬದ ದೀವರ ಹೆಂಗಸರು ಕೆಮ್ಮಣ್ಣು ಬಳಿದ ಗೋಡೆಯ ಮೇಲೆ ಪುಂಡಿನಾರಿನ ಕುಂಚದಿಂದ ಅಕ್ಕಿಹಿಟ್ಟಿನ ಬಿಳಿ, ಸುಟ್ಟಕ್ಕಿಯ ಕಪ್ಪು, ಗುರಿಗೆಯ ಹಳದಿ ತುಂಬಿ ಹಸೆಚಿತ್ತಾರ ಬರೆಯುತ್ತಾರೆ. ಕಟ್ಟಿದವರು ಯಾರೇ ಇರಲಿ, ಗೋಡೆಯನ್ನು ಒಕ್ಕಲು ಮಾಡುವವರು ಹೆಂಗಸರು. ಎರಡೂ ನಾಡಿನಲ್ಲಿ ಇದು ಒಂದೇ.

ಈಗ ನಿಮ್ಮ ಲೆಕ್ಕ. ಸಮೀಕ್ಷೆಗೆ ಮುಂಚೆ ನಿಮ್ಮ ಬಾಗಿಲಿಗೆ ಸ್ಟಿಕ್ಕರ್ ಅಂಟಿಸಿದ್ದರಲ್ಲ, ಆ ಗುರುತಿಗೆ ಆಧಾರ ವಿದ್ಯುತ್ ಮೀಟರಿನ ಆರ್‌ಆರ್ ಸಂಖ್ಯೆ. ಮೀಟರು ಎಣಿಸುವುದು ಕಟ್ಟಡವನ್ನು. ಜನಗಣತಿಯ ವ್ಯಾಖ್ಯೆ ಬೇರೆ: ಬೇರೆ ಮುಖ್ಯದ್ವಾರ ಇದ್ದರೆ ಅದು ಒಂದು ಗಣತಿ ಮನೆ, ಸಾಮಾನ್ಯವಾಗಿ ಜೊತೆಯಲ್ಲಿ ವಾಸಿಸುತ್ತ ಒಂದೇ ಅಡುಗೆಮನೆಯ ಊಟ ಮಾಡುವವರೆಲ್ಲ ಸೇರಿ ಒಂದು ಕುಟುಂಬ. ದೊಡ್ಡ ಮಾತುಗಳನ್ನು ತೆಗೆದರೆ ಉಳಿಯುವುದು ಹಳೆಯ ಒಕ್ಕಲೇ, ಒಂದು ಒಲೆಯ ಜನ. ಹಾಗೆ ನೋಡಿದರೆ ಸವಳಂಗ ರಸ್ತೆಯಲ್ಲಿ ನಿಮ್ಮದು ಒಂದು ಕಟ್ಟಡ, ಎರಡು ಒಕ್ಕಲು. ಮಹಡಿಗೆ ಬೇರೆ ಬಾಗಿಲಿದ್ದರೆ ಗಣತಿ ಮನೆಗಳೂ ಎರಡು. ಊರಿನ ಅಣ್ಣನದು ಮೂರನೆಯ ಒಕ್ಕಲು, ಗ್ಯಾಬೊರೋನಿನದು ನಾಲ್ಕನೆಯದು. ಮನೆತನ ಒಂದೇ. ಮಗ ಸೊಸೆಯ ಒಲೆ ಬೇರೆಯಾಯಿತು ಎಂದು ಮನಸ್ಸಿಗೆ ಹಚ್ಚಿಕೊಳ್ಳಬೇಡಿ. ಒಲೆ ಹೆಚ್ಚಿತು ಎಂದರೆ ಒಕ್ಕಲು ಹೆಚ್ಚಿತು ಎಂದೇ ನಮ್ಮ ಹಿರಿಯರು ಎಣಿಸಿದ್ದು.

ಮುಂದಿನ ಜನಗಣತಿಯಲ್ಲಿ ಜನರನ್ನು ಎಣಿಸುವುದು 2027ರ ಫೆಬ್ರವರಿಗೆ. ಆ ಪಟ್ಟಿಯಲ್ಲಿ ನಿಮ್ಮ ಒಕ್ಕಲಿಗೆ ಇಬ್ಬರ ಹೆಸರು ಬರೆಸಿ, ಮಗ ಸೊಸೆಯದು ಬೇರೆ ಬರೆಸಿ. ಪರದೇಶದಲ್ಲಿ ನೆಲೆಸಿರುವ ಮಗಳ ಹೆಸರು ಅಲ್ಲಿ ಬರುವುದಿಲ್ಲ, ಬರಬೇಕಾದ್ದೂ ಇಲ್ಲ. ಆದರೆ ಮಗಳು ಫೋನಿನಲ್ಲಿ ಕೇಳಿದ್ದು ಪದಗಳ ಬಗ್ಗೆ ಮಾತ್ರ ಎಂದು ನನಗೆ ಅನ್ನಿಸುವುದಿಲ್ಲ. ಮದುವೆಯಾದ ಹೆಣ್ಣಿಗೆ ನಮ್ಮ ಭಾಷೆ ತವರುಮನೆ, ಗಂಡನ ಮನೆ ಎಂದು ಎರಡು ಮನೆಗಳ ಹೆಸರು ಕೊಟ್ಟಿತು, ಎರಡರಲ್ಲೂ ಬಹುಕಾಲ ಅವಳಿಗೆ ಪಾಲು ಕೊಡಲಿಲ್ಲ. 2005ರ ಹಿಂದೂ ಉತ್ತರಾಧಿಕಾರ ತಿದ್ದುಪಡಿ ಹೆಣ್ಣುಮಕ್ಕಳಿಗೂ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳಷ್ಟೇ ಹಕ್ಕು ಕೊಟ್ಟಿದೆ. ಕಾನೂನು ಕಾಗದದಲ್ಲಿ ಕೊಟ್ಟದ್ದನ್ನು ರೂಢಿಯಲ್ಲಿ ಕೊಡಬೇಕಾದವರು ನಾವು. ಈ ವರ್ಷ ಊರಿನಲ್ಲಿ ಮನೆದೇವರ ಪೂಜೆಗೆ ಎಲ್ಲರೂ ಸೇರಿದಾಗ ಅರ್ಚಕರು ಮನೆಯವರ ಹೆಸರು ಕೇಳುತ್ತಾರೆ. ಅಣ್ಣನ, ನಿಮ್ಮ, ಮಗ ಸೊಸೆಯ ಹೆಸರು ಹೇಳಿ ಸುಮ್ಮನಾಗಬೇಡಿ. ಮಗಳ ಹೆಸರನ್ನೂ ಹೇಳಿಸಿ, ಆ ಸಂಜೆ ಅವಳಿಗೆ ಫೋನು ಮಾಡಿ ಹೇಳಿಸಿದ್ದನ್ನು ತಿಳಿಸಿ. ಅವಳು ಕೇಳಿದ ಪ್ರಶ್ನೆಗೆ ಉತ್ತರ ಅದೇ.